ನೂರು ಗಡಿಗೆ ಎಣ್ಣೆಯ ಮನೆ

ಒಂದೂರಿನಲ್ಲಿ ಒಂದು ಮಧ್ಯಾಹ್ನ ಗಾಣದ ಹಾಲಪ್ಪನ ಗುಡಿಸಲು ಬಿತ್ತಂತೆ. ಗಾಳಿಯಿಲ್ಲ, ಮಳೆಯಿಲ್ಲ. ಪಕ್ಕದ ಮನೆಯ ಎಮ್ಮೆಗೆ ಮೈ ತುರಿಸಿತು. ಅದು ಬಂದು ಗೋಡೆಗೆ ಮೈ ಉಜ್ಜಿತು. ಒಂದು ಸಲ ಉಜ್ಜಿತು, ಎರಡು ಸಲ ಉಜ್ಜಿತು. ಮೂರನೆಯ ಸಲಕ್ಕೆ ಗೋಡೆ ಒಳಗೆ ಬಿತ್ತು, ಗೋಡೆಯ ಮೇಲೆ ಸೂರು ಬಿತ್ತು. ಎಮ್ಮೆಗೆ ಏನೂ ಆಗಲಿಲ್ಲ.

ಹಾಲಪ್ಪನ ಹೆಂಡತಿ ಕೊಟ್ರವ್ವ ಹೊರಗೆ ಕೂತು ಕುಸುಬೆ ಕೇರುತ್ತಿದ್ದಳು. ಕೈಯಲ್ಲಿ ಮೊರ ಹಿಡಿದೇ ನೋಡಿದಳು.

"ಇದು ಮನೆ ಅಲ್ಲ ಅಂತ ಎಮ್ಮೆಗೆ ಗೊತ್ತಾಯ್ತು," ಅಂದಳು. "ನಮಗೆ ಗೊತ್ತಾಗಲಿಲ್ಲ ನೋಡ್ರಿ."

ಗಂಡ ಹೆಂಡತಿಗೆ ಆಸ್ತಿ ಅಂತ ಇದ್ದದ್ದು ಒಂದು ಗಾಣ, ಒಂದು ಎತ್ತು. ಎತ್ತಿನ ಹೆಸರು ಬೂದ. ಮೂರು ದಿನ ಮೂವರೂ ಬೇವಿನ ಮರದ ಕೆಳಗೆ ಮಲಗಿದರು. ನಾಲ್ಕನೆಯ ದಿನ ಸಾಹುಕಾರ ಪಂಪಣ್ಣ ಆ ದಾರಿಯಲ್ಲಿ ಬಂದನಂತೆ.

ಪಂಪಣ್ಣನಿಗೆ ಊರಿನಲ್ಲಿ ಏಳು ಮನೆ. ಆರರಲ್ಲಿ ಜನ ಇದ್ದರು, ಒಂದು ಖಾಲಿ. ಆ ಖಾಲಿ ಮನೆ ಕಂಡಾಗಲೆಲ್ಲ ಅವನು ಬೆರಳು ಮಡಿಸಿ ನಷ್ಟ ಎಣಿಸುವನು.

"ಏನೋ ಹಾಲಪ್ಪ, ಮರದ ಕೆಳಗೆ ಸಂಸಾರ ಹೂಡಿದ್ದೀಯ?"

"ಎಮ್ಮೆ ಕೆಲಸ ಸಾವ್ಕಾರ್ರೆ."

"ನನ್ನ ಕಲ್ಲುಮನೆಗೆ ಬಾ. ಆನೆ ಬಂದು ಮೈ ಉಜ್ಜಿದರೂ ಬೀಳಲ್ಲ."

ಹೋಗಿ ನೋಡಿದರು. ಮೂರು ಅಂಕಣದ ಮನೆ. ಒಂದು ಅಂಕಣದಲ್ಲಿ ಗಾಣ ಹೂಡಬಹುದು, ಒಂದರಲ್ಲಿ ಎತ್ತು ಕಟ್ಟಬಹುದು, ಒಂದರಲ್ಲಿ ಒಲೆ ಹೂಡಿ ಇಬ್ಬರು ಕಾಲು ಚಾಚಿ ಮಲಗಬಹುದು. ಕೊಟ್ರವ್ವ ಒಂದು ಕಂಬವನ್ನು ಮುಟ್ಟಿ ನೋಡಿದಳು. ತಣ್ಣಗಿತ್ತು. ಹುಟ್ಟಿದಾಗಿನಿಂದ ಅವಳು ಕಲ್ಲುಕಂಬದ ಮನೆಯಲ್ಲಿ ಮಲಗಿದವಳಲ್ಲ.

"ಬೆಲೆ?" ಅಂದ ಹಾಲಪ್ಪ.

"ನೂರು ಗಡಿಗೆ ಎಣ್ಣೆ."

"ನಮ್ಮ ಹತ್ತಿರ ಒಂದು ಗಡಿಗೆನೂ ಇಲ್ಲ ಸಾವ್ಕಾರ್ರೆ."

"ಇರಬೇಕು ಅಂತ ಯಾರಂದ್ರು? ತಿಂಗಳಿಗೊಂದು ತಂದು ಹಾಕು. ಬೀಗದ ಕೈ ಇವತ್ತೇ ತಗೋ."

"ಎಷ್ಟು ತಿಂಗಳು?" ಅಂದಳು ಕೊಟ್ರವ್ವ.

"ತೀರೋ ತನಕ, ತಾಯಿ."

ಹಾಲಪ್ಪ ಹೆಂಡತಿಯ ಕಡೆ ತಿರುಗಿದ. "ನೂರು ಗಡಿಗೆಗೆ ನೂರು ತಿಂಗಳು. ಎಂಟು ವರ್ಷದ ಮೇಲೆ ಚೂರು. ಇಷ್ಟೂ ಲೆಕ್ಕ ಬರಲ್ವಾ ನಿನಗೆ?"

ಪಂಪಣ್ಣ ಕೆಮ್ಮಿದ. "ಒಂದು ಸಣ್ಣ ಮಾತು. ಅಷ್ಟು ದಿನ ನಾನು ಕಾಯಬೇಕಲ್ಲ, ಅದಕ್ಕೊಂದು ಕೂಲಿ. ನೂರು ಗಡಿಗೆ ಬಾಕಿ ಇದ್ದರೆ ವರ್ಷಕ್ಕೆ ಹನ್ನೊಂದು. ಬಾಕಿ ಕಡಿಮೆ ಆದ ಹಾಗೆ ಕೂಲಿನೂ ಕಡಿಮೆ. ನೀನು ಹಾಕಿದ ಎಣ್ಣೆಯಲ್ಲಿ ಮೊದಲು ಕೂಲಿ, ಉಳಿದದ್ದು ಸಾಲಕ್ಕೆ."

"ಕೂಲಿ ಇಲ್ಲದೆ ಯಾರು ಕೆಲಸ ಮಾಡ್ತಾರೆ! ಇಟ್ಕೊಳ್ರಿ," ಅಂದುಬಿಟ್ಟ ಹಾಲಪ್ಪ.

ಇದು ಗಾಣದವರು ಮಾತ್ರ ಮಾಡುವ ತಪ್ಪು. ಅವರ ರೂಢಿ ಹೀಗೆ. ಊರವರು ಬೀಜ ತರುತ್ತಾರೆ. ಗಾಣದವನು ಅರೆದು ಎಣ್ಣೆ ಕೊಡುತ್ತಾನೆ. ಎಣ್ಣೆಯೆಲ್ಲ ಬೀಜ ತಂದವರಿಗೆ, ಕೊನೆಗೆ ಗಾಣದಲ್ಲಿ ಉಳಿದ ಹಿಂಡಿ ಗಾಣದವನಿಗೆ ಕೂಲಿ. ಕೂಲಿ ಅಂದರೆ ಕೊನೆಗೆ ಉಳಿಯುವುದು, ಹಿಂಡಿಯಂಥದು, ಎತ್ತಿಗೆ ಹಾಕುವಂಥದು. ಏಳು ತಲೆಮಾರಿನಿಂದ ಹಾಲಪ್ಪನ ಮನೆಯವರಿಗೆ ಗೊತ್ತಿದ್ದ ಕೂಲಿ ಅದೊಂದೇ. ಮೊದಲೇ ತೆಗೆದುಕೊಳ್ಳುವ ಕೂಲಿಯನ್ನು ಅವನು ಕಂಡವನಲ್ಲ.

ಪತ್ರವಾಯಿತು. ಒಂದು ತಿಂಗಳು ತಪ್ಪಿದರೂ ಮನೆ ಸಾಹುಕಾರನಿಗೆ ವಾಪಸು, ಹಾಕಿದ ಎಣ್ಣೆ ಹಾಕಿದ ಹಾಗೇ ಹೋಯಿತು ಅಂತಲೂ ಬರೆದಿತ್ತು. ಹಾಲಪ್ಪ ಹೆಬ್ಬೆಟ್ಟು ಒತ್ತಿದ. ಅದೇ ಸಂಜೆ ಒಲೆ ಹೂಡಿದರು.

ಮನೆ ಚೆನ್ನಾಗಿತ್ತು. ಸುಳ್ಳು ಯಾಕೆ ಹೇಳಬೇಕು. ಎಮ್ಮೆ ಒಂದು ಸಲ ಬಂದು ಗೋಡೆಗೆ ಮೈ ಉಜ್ಜಿ ನೋಡಿತು. ಕಲ್ಲು ಅಲ್ಲಾಡಲಿಲ್ಲ. ಎಮ್ಮೆ ಬೇರೆ ಬೀದಿಗೆ ಹೋಯಿತು.

ಎತ್ತು ತಿಂದು ಮಿಕ್ಕ ಹಿಂಡಿ ಮಾರಿ, ಬೀಜ ಕೊಂಡು, ಅರೆದ ಎಣ್ಣೆಯನ್ನು ಕೊಟ್ರವ್ವ ತಿಂಗಳಿಗೊಂದು ಗಡಿಗೆ ಹೊತ್ತು ಪಂಪಣ್ಣನ ಅಂಗಡಿಗೆ ಹೋಗುವಳು. ಅವನು ಎಣ್ಣೆ ಸುರಿಸಿಕೊಂಡು, "ಕೊಸರು ಹಾಕವ್ವಾ," ಅನ್ನುವನು. ಆ ಊರಿನಲ್ಲಿ ಏನು ಅಳೆದು ಕೊಟ್ಟರೂ ಅಳತೆಯ ಮೇಲೆ ಒಂದಿಷ್ಟು ಕೊಸರು ಹಾಕುವುದು ಪದ್ಧತಿ. ಪಂಪಣ್ಣನಿಗೆ ಅದರ ಚಟ. ಉಪ್ಪಿಗೆ ಕೊಸರು, ಮೆಣಸಿನಕಾಯಿಗೆ ಕೊಸರು, ಬಟ್ಟೆಗೆ ಗೇಣುದ್ದ ಕೊಸರು. ಹೂವಿನವಳ ಹತ್ತಿರ ಒಂದು ಮೊಳಕ್ಕೆ ಎರಡು ಮೊಗ್ಗು ಕೊಸರು. ಇವಳ ಹತ್ತಿರವೂ ಬಿಡದೆ ಪತ್ರದಲ್ಲೇ ಬರೆಸಿದ್ದ. ಇವಳು ಒಂದು ಸೌಟು ಹಾಕುವಳು. ಮನೆಗೆ ಬಂದು ಗೋಡೆಯ ಮೇಲೆ ಸುಣ್ಣದ ಒಂದು ಬೊಟ್ಟು ಇಡುವಳು. ಹೆಂಗಸರು ಹಾಲಿನ ಲೆಕ್ಕ ಇಡುತ್ತಾರಲ್ಲ, ಹಾಗೆ.

ವರ್ಷವಾಯಿತು. ಹನ್ನೆರಡು ಬೊಟ್ಟು. ದೀಪಾವಳಿ ಪಾಡ್ಯದ ದಿನ ಸಾಹುಕಾರ ಹೊಸ ಲೆಕ್ಕ ತೆರೆಯುತ್ತಾನೆ. ಗಂಡ ಹೆಂಡತಿ ಹೋಗಿ ಕೂತರು.

"ಎಂಬತ್ತೆಂಟು ಉಳೀತಲ್ಲ ಸಾವ್ಕಾರ್ರೆ," ಅಂದ ಹಾಲಪ್ಪ.

"ತೊಂಬತ್ತೊಂಬತ್ತು," ಅಂದ ಪಂಪಣ್ಣ.

ಹಾಲಪ್ಪ ನಕ್ಕ. ಸಾಹುಕಾರ ನಗಲಿಲ್ಲ. ಹಾಲಪ್ಪ ನಗು ನಿಲ್ಲಿಸಿದ.

"ಹನ್ನೆರಡು ಹಾಕಿದ್ದೀವಿ!"

"ಹಾಕಿದ್ದೀರಿ. ಹನ್ನೊಂದು ಕೂಲಿ. ಒಂದು ಸಾಲಕ್ಕೆ. ಪತ್ರ ಓದಲಾ?"

"ಕೂಲಿ ಅಂದ್ರೆ... ಅದು ಹಿಂಡಿ ಅಲ್ವಾ?"

"ನಿನ್ನ ಗಾಣದಲ್ಲಿ ಹಿಂಡಿ," ಅಂದ ಪಂಪಣ್ಣ. "ನನ್ನ ಗಾಣದಲ್ಲಿ ಎಣ್ಣೆ."

ಕೊಟ್ರವ್ವ ಎದ್ದಳು. ದಾರಿಯುದ್ದಕ್ಕೂ ಹಾಲಪ್ಪನೇ ಮಾತಾಡಿದ. ಸಾಹುಕಾರನನ್ನು ಬೈದ, ಎಮ್ಮೆಯನ್ನು ಬೈದ, ಎಮ್ಮೆ ಮಾರಿದವನನ್ನೂ ಬೈದ.

ಮರುದಿನ ಸೋಮವಾರ. ಸೋಮವಾರ ಎತ್ತು ಹೂಡುವುದಿಲ್ಲ. ಕೊಟ್ರವ್ವ ಬೂದನಿಗೆ ಹಿಂಡಿ ನೆನೆಸಿ ಇಟ್ಟಳು. ಬೂದ ತಿನ್ನಲಿಲ್ಲ. ತಲೆಯೆತ್ತಿ ಮಾತಾಡಿತು.

ಆ ಕಾಲದಲ್ಲಿ ಎತ್ತುಗಳಿಗೆ ಮಾತು ಬರುತ್ತಿತ್ತಂತೆ. ಆದರೆ ಆಡುತ್ತಿರಲಿಲ್ಲ. ಬೂದ ಅಲ್ಲಿಯ ತನಕ ಆಡಿದ್ದು ಎರಡೇ ಮಾತು. ಎರಡೂ ಹಿಂಡಿ ಸಾಲದು ಅಂತ.

"ಅವ್ವಾ, ಒಟ್ಟು ಎಷ್ಟು ವರ್ಷ ಅಂತ ಕೇಳಿದಿರಾ?"

"ಕೇಳಿದೆ. ತೀರೋ ತನಕ ಅಂದ."

"ಸುತ್ತೋನು ನಾನು. ನನ್ನನ್ನೊಂದು ಮಾತು ಕೇಳಬಾರದಿತ್ತಾ? ಆ ಪತ್ರದಲ್ಲಿ ನನ್ನ ಗೊರಸಿನ ಗುರುತಿಲ್ಲ."

ಹಾಲಪ್ಪನಿಗೆ ನಾಚಿಕೆಯಾಯಿತು. ಎತ್ತು ಹೇಳಿದ್ದು ಸರಿಯಾಗಿತ್ತು.

ಕೊಟ್ರವ್ವ ಮೊರ ತಂದಳು. ಎಣಿಸಿ ನೂರು ಹರಳುಬೀಜ ಹಾಕಿದಳು. ಇದು ಸಾಲ. ವರ್ಷದ ಕೂಲಿ ಅಂತ ಹನ್ನೊಂದು ಬೀಜ ಸೇರಿಸಿದಳು. ತಾವು ಹಾಕುವ ಹನ್ನೆರಡು ತೆಗೆದು ಪಕ್ಕದ ಬುಟ್ಟಿಗೆ ಹಾಕಿದಳು. ಉಳಿದದ್ದು ತೊಂಬತ್ತೊಂಬತ್ತು. ಮತ್ತೆ ಅದಕ್ಕೆ ತಕ್ಕ ಕೂಲಿ ಸೇರಿಸಿದಳು, ಹನ್ನೆರಡು ತೆಗೆದಳು. ಚೂರು ಬಂದಲ್ಲಿ ಬೀಜವನ್ನು ಅರ್ಧ ಮಾಡಿದಳು, ಕಾಲು ಮಾಡಿದಳು. ಸೇರಿಸಿದಳು, ತೆಗೆದಳು. ಸೇರಿಸಿದಳು, ತೆಗೆದಳು. ಬೂದ ವರ್ಷ ಎಣಿಸಿತು.

"ಐದು ವರ್ಷ," ಅಂದಿತು ಬೂದ.

"ತೊಂಬತ್ನಾಲ್ಕು ಉಳೀತು," ಅಂದಳು.

"ಹತ್ತು ವರ್ಷ."

"ಎಂಬತ್ತಮೂರು."

ಹಾಲಪ್ಪ ನಶ್ಯದ ಡಬ್ಬಿ ತೆಗೆದ. ಏರಿಸದೆ ಹಾಗೇ ಮುಚ್ಚಿದ.

"ಹದಿನೆಂಟು ವರ್ಷ."

"ಈಗ ಅರ್ಧ ಆಯಿತು ನೋಡ್ರಿ."

"ಅರ್ಧ!" ಅಂದ ಹಾಲಪ್ಪ. "ಹದಿನೆಂಟು ವರ್ಷಕ್ಕೆ!"

ಇಪ್ಪತ್ನಾಲ್ಕನೆಯ ವರ್ಷಕ್ಕೆ ಮೊರದಲ್ಲಿ ಹತ್ತೇ ಬೀಜ ಉಳಿದಿತ್ತು. ಅದನ್ನೂ ತೆಗೆದಳು. ಮೊರ ಬರಿದಾಯಿತು. ಆಮೇಲೆ ಬುಟ್ಟಿಯದನ್ನು ಎಣಿಸಿದಳು. ಇನ್ನೂರ ಎಂಬತ್ತಾರು.

ಹಾಲಪ್ಪ ಬುಟ್ಟಿಯನ್ನು ಎತ್ತಿ ತೂಕ ನೋಡಿದ.

"ಇನ್ನು ಹದಿನಾಲ್ಕು ಸೇರಿಸಿದ್ರೆ ಮೂರು ಮನೆ ಆಗುತ್ತೆ," ಅಂದಳು ಕೊಟ್ರವ್ವ. "ನಾವು ಒಂದರಲ್ಲಿ ಇರ್ತೀವಿ. ಎರಡು ಅವನಿಗೆ ಕಟ್ಟಿಸಿಕೊಡ್ತೀವಿ."

"ನನಗೀಗ ಐದು ವರ್ಷ," ಅಂದಿತು ಬೂದ. "ಇಪ್ಪತ್ತು ದಾಟಲ್ಲ. ನಾನು ಸತ್ತ ಮೇಲೆ ಇನ್ನೊಂದು ಎತ್ತು ತರಬೇಕು. ಅದಕ್ಕೂ ಸಾವ್ಕಾರನ ಹತ್ತಿರವೇ ಹೋಗ್ತೀರಿ."

"ನನಗೆ ಮೂವತ್ತೊಂದು," ಅಂದಳು ಕೊಟ್ರವ್ವ. ಇಷ್ಟು ವರ್ಷದಲ್ಲಿ ಒಂದೇ ಒಂದು ತಿಂಗಳು ಎತ್ತಿಗೆ ಕುಂಟು ಬಂದರೆ ಸಾಕು, ಗಂಡನಿಗೆ ಚಳಿಜ್ವರ ಬಂದರೆ ಸಾಕು. ಮನೆಯೂ ಇಲ್ಲ, ಎಣ್ಣೆಯೂ ಇಲ್ಲ.

"ಬಿಟ್ಟುಬಿಡೋಣ," ಅಂದ ಹಾಲಪ್ಪ. "ಬೇವಿನ ಮರ ಇದ್ದೇ ಇದೆ."

ಕೊಟ್ರವ್ವ ಕಂಬದ ಕಡೆ ನೋಡಿದಳು. ಮತ್ತೆ ಮೊರಕ್ಕೆ ನೂರು ಬೀಜ ಹಾಕಿದಳು. ಈ ಸಲ ಮೊದಲ ವರ್ಷಕ್ಕೆ ಹನ್ನೆರಡರ ಬದಲು ಹದಿಮೂರು ತೆಗೆದಳು. ಒಂದೇ ಒಂದು ಹೆಚ್ಚು. ಆಮೇಲೆ ಎಲ್ಲ ಮೊದಲಿನಂತೆಯೇ. ಸೇರಿಸಿದಳು, ತೆಗೆದಳು. ಇಪ್ಪತ್ತಮೂರಕ್ಕೇ ಮೊರ ಬರಿದು.

"ತಪ್ಪಿರಬೇಕು. ಇನ್ನೊಂದು ಸಲ ಎಣಿಸು," ಅಂದ ಹಾಲಪ್ಪ.

ಎಣಿಸಿದಳು. ತಪ್ಪಿರಲಿಲ್ಲ. ಮೊದಲಿಗೆ ಒಂದು ಗಡಿಗೆ ಹೆಚ್ಚು ಹಾಕಿದರೆ ಕೊನೆಯಲ್ಲಿ ಇಡೀ ವರ್ಷವೇ ಹೋಗುತ್ತದೆ, ಅದರ ಹತ್ತು ಗಡಿಗೆ ಉಳಿಯುತ್ತದೆ. ಮೊದಲು ಹಾಕಿದ ಗಡಿಗೆಗೆ ಅಷ್ಟು ಬಲ. ಯಾಕೆಂದರೆ ಆ ಗಡಿಗೆಗೆ ಇಪ್ಪತ್ತೆರಡು ವರ್ಷ ಕೂಲಿ ಬೆಳೆಯುವುದಿಲ್ಲ.

"ಈ ವರ್ಷದಿಂದ ತಿಂಗಳಿಗೆ ಅರ್ಧ ಗಡಿಗೆ ಹೆಚ್ಚು ಹಾಕಿದ್ರೆ?" ಅಂದಿತು ಬೂದ.

ಹಾಕಿ ನೋಡಿದಳು. ಹತ್ತನೆಯ ದೀಪಾವಳಿಗೆ ಮೊರ ಬರಿದು.

ಆಮೇಲೆ ಮೂವರೂ ಚೌಕಾಸಿಗೆ ಕೂತರಂತೆ. ಹಾಲಪ್ಪ ನಶ್ಯ ಬಿಡಬೇಕು. ಕೊಟ್ರವ್ವ ಹಬ್ಬಕ್ಕೆ ಸೀರೆ ಕೇಳಬಾರದು. ಬೂದ ದಿನಕ್ಕೆ ಇನ್ನೊಂದು ಗಾಣ ಬೀಜ ಅರೆಯುವಷ್ಟು ಹೆಚ್ಚು ತಿರುಗಬೇಕು.

"ತಿರುಗ್ತೀನಿ," ಅಂದಿತು ಬೂದ. "ಹಿಂಡಿಗೆ ಕೈ ಹಾಕಬೇಡಿ. ಸೋಮವಾರ ಕೇಳಬೇಡಿ."

ಒಪ್ಪಿದರು.

ಮುಂದಿನ ತಿಂಗಳು ಕೊಟ್ರವ್ವ ಒಂದೂವರೆ ಗಡಿಗೆ ಹೊತ್ತು ಹೋದಳು. ಪಂಪಣ್ಣ ನೋಡಿದ. ಅವನಿಗೂ ಲೆಕ್ಕ ಬರುತ್ತಿತ್ತು. ಇವಳಿಗಿಂತ ಚೆನ್ನಾಗಿಯೇ ಬರುತ್ತಿತ್ತು.

"ಇದೇನವ್ವಾ? ಪತ್ರದಲ್ಲಿ ತಿಂಗಳಿಗೆ ಒಂದು. ಒಂದೇ ತಗೊಳ್ಳೋದು. ಆ ಅರ್ಧ ವಾಪಸು ಒಯ್ಯಿ."

"ಯಾಕೆ ಸಾವ್ಕಾರ್ರೆ, ಎಣ್ಣೆ ಕಮಟಾಗಿದೆಯಾ?"

"ಎಣ್ಣೆ ಚೆನ್ನಾಗಿದೆ. ನಿಮಗ್ಯಾಕೆ ತೊಂದರೆ ಅಂತ. ಮೆಲ್ಲಗೆ ಕೊಡಿ, ಅವಸರ ಏನಿದೆ."

ಅಂದು, ಒಂದು ಗಡಿಗೆ ಸುರಿಸಿಕೊಂಡ. ಅಭ್ಯಾಸಬಲ. ಕೈ ಚಾಚಿ, "ಕೊಸರು ಹಾಕವ್ವಾ," ಅಂದ.

ಕೊಟ್ರವ್ವ ಆ ಅರ್ಧ ಗಡಿಗೆ ಎತ್ತಿ ಅವನ ಹಂಡೆಗೆ ಸುರಿದುಬಿಟ್ಟಳು.

"ಅಯ್ಯಯ್ಯೋ! ಏನು ಮಾಡಿದೆ?"

"ಕೊಸರು ಹಾಕಿದೆ."

ಜಗಳವಾಯಿತು. ಬೀದಿ ಸೇರಿತು. ಊರ ಗೌಡನ ಚಾವಡಿಗೆ ಹೋಯಿತು. ಗೌಡ ವಯಸ್ಸಾದವನು, ಊಟವಾಗಿ ಮಲಗುವ ಹೊತ್ತು. ಬೇಗ ಹೇಳಿ ಅಂದ.

"ಕೊಸರು ಅಂದ್ರೆ ಒಂದು ಸೌಟು ಗೌಡ್ರೆ!" ಅಂದ ಪಂಪಣ್ಣ. "ಅರ್ಧ ಗಡಿಗೆ ಎಲ್ಲಾದ್ರೂ ಕೊಸರು ಆಗುತ್ತಾ?"

ಗೌಡ ಪತ್ರ ಓದಿದ. "'ಪ್ರತಿ ತಿಂಗಳು ಒಂದು ಗಡಿಗೆ ಎಣ್ಣೆಯನ್ನು ಕೊಸರು ಸಹಿತ ಹಾಕತಕ್ಕದ್ದು.' ಸೌಟು ಅಂತ ಇಲ್ಲವಲ್ಲ ಪಂಪಣ್ಣ?"

"ಬರೀಬೇಕಾ? ಎಲ್ಲರಿಗೂ ಗೊತ್ತಿರೋದೇ."

"ಎಲ್ಲರಿಗೂ ಗೊತ್ತಿರೋದು ಬೇರೆ. ಕೊಸರು ಕೇಳೋದು ತಗೊಳ್ಳೋನು, ಎಷ್ಟು ಅನ್ನೋದು ಹಾಕೋರ ಮನಸ್ಸು. ಹೌದೋ ಅಲ್ವೋ?"

ಜನ ಹೌದು ಅಂದರು. ಹೂವಿನವಳು ಎಲ್ಲರಿಗಿಂತ ಜೋರಾಗಿ ಅಂದಳು.

"ಬೇಡ ಅನ್ನೋ ಹಕ್ಕೂ ನಿನಗುಂಟು," ಅಂದ ಗೌಡ. "ಆದರೆ ಊರ ಪದ್ಧತಿ ಗೊತ್ತಲ್ಲ. ಕೊಸರು ಒಂದು ಸಲ ಬೇಡ ಅಂದವನು ಆಮೇಲೆ ಯಾರ ಹತ್ತಿರವೂ ಕೊಸರು ಕೇಳೋ ಹಾಗಿಲ್ಲ. ಉಪ್ಪಿನವನ ಹತ್ತಿರವೂ ಇಲ್ಲ, ಬಟ್ಟೆಯವನ ಹತ್ತಿರವೂ ಇಲ್ಲ. ಹೇಳು, ಬೇಡವಾ?"

ಪಂಪಣ್ಣನ ಕಣ್ಣ ಮುಂದೆಯೇ ಉಪ್ಪಿನ ಕೊಸರು ಹೋಯಿತು, ಮೆಣಸಿನಕಾಯಿ ಹೋಯಿತು, ಗೇಣುದ್ದ ಬಟ್ಟೆ ಹೋಯಿತು, ಎರಡು ಮೊಗ್ಗು ಹೋಯಿತು. ಅವನು ಬಾಯಿ ತೆರೆದ. ಮುಚ್ಚಿದ. ತೆರೆದ.

"ಬೇಕು," ಅಂದ.

"ಆಯ್ತು. ಎಲ್ಲ ಏಳಿ."

"ಇನ್ನೊಂದು ಮಾತು ಗೌಡ್ರೆ," ಅಂದಳು ಕೊಟ್ರವ್ವ. "ಆ ಕೊಸರು ಯಾವ ಲೆಕ್ಕಕ್ಕೆ ಹೋಗುತ್ತೆ?"

"ಕೊಸರಿಗೆ ಲೆಕ್ಕ ಎಲ್ಲಿಂದ ಬಂತು?" ಅಂದ ಪಂಪಣ್ಣ.

"ಪತ್ರದಲ್ಲಿ ಬಂತು. ಕೂಲಿ ನೂರಕ್ಕೆ ಹನ್ನೊಂದು, ಅಷ್ಟೇ ಅಂತ ಇದೆ. ಕೂಲಿ ತೆಗೆದು ಉಳಿದದ್ದು ಸಾಲಕ್ಕೆ ಅಂತ ಇದೆ. ಪತ್ರದಲ್ಲಿ ಬರೆದ ಎಣ್ಣೆ ಪತ್ರದ ಲೆಕ್ಕಕ್ಕೇ ಹೋಗಬೇಕಲ್ವಾ?"

ಗೌಡ ಮತ್ತೆ ಪತ್ರ ನೋಡಿದ. ಹಾಗೇ ಇತ್ತು. "ಸಾಲಕ್ಕೆ," ಅಂದ. ಮಲಗಲು ಹೋದ.

ಅಲ್ಲಿಂದ ಪ್ರತಿ ತಿಂಗಳೂ ಕೊಟ್ರವ್ವ ಒಂದು ಗಡಿಗೆ ಹಾಕುವಳು, ಅರ್ಧ ಗಡಿಗೆ ಕೊಸರು ಹಾಕುವಳು. ಕೊಸರು ಕೇಳುವುದನ್ನು ಪಂಪಣ್ಣ ಬಿಟ್ಟ. ಇವಳು ಕೇಳದೆಯೇ ಹಾಕುವಳು.

ಸುಲಭವಾಗಿರಲಿಲ್ಲ. ನಶ್ಯವಿಲ್ಲದೆ ಹಾಲಪ್ಪ ಆರು ತಿಂಗಳು ಎಲ್ಲರ ಮೇಲೂ ರೇಗಿದ. ಕೊಟ್ರವ್ವನ ಸೀರೆಗೆ ತೇಪೆ ಬಿತ್ತು, ತೇಪೆಗೂ ತೇಪೆ ಬಿತ್ತು. ಬೂದ ತಿರುಗಿತು. ಕಣ್ಣಪಟ್ಟಿಯೊಳಗೆ ಏನು ಯೋಚಿಸಿತೋ ಹೇಳಲಿಲ್ಲ.

ಎರಡನೆಯ ದೀಪಾವಳಿಗೆ ಬಾಕಿ ತೊಂಬತ್ತೆರಡು. ಮೂರನೆಯದಕ್ಕೆ ಎಂಬತ್ನಾಲ್ಕು. ಐದನೆಯದಕ್ಕೆ ಅರವತ್ತೈದೂವರೆ. ಆ ವರ್ಷ ಪಂಪಣ್ಣ ತಾನೇ ಮನೆಗೆ ಬಂದ. ಮಜ್ಜಿಗೆ ಕೊಟ್ಟರು. ಸುತ್ತ ನೋಡಿದ.

"ಇಕ್ಕಟ್ಟಾಯ್ತಲ್ಲೋ ಹಾಲಪ್ಪ. ಎತ್ತಿನ ಪಕ್ಕದಲ್ಲೇ ಒಲೆ. ಇನ್ನೆರಡು ಅಂಕಣ ಕಟ್ಟಿಸಿಕೊಡ್ತೀನಿ. ಬಾಗಿಲಿಗೆ ಗಿಳಿ ಕೆತ್ತಿಸ್ತೀನಿ."

ಹಾಲಪ್ಪನ ಕಣ್ಣು ಅರಳಿತು. "ಗಿಳಿನಾ? ಎಷ್ಟಾಗುತ್ತೆ?"

"ತಿಂಗಳಿಗೆ ಒಂದೇ ಗಡಿಗೆ. ಒಂದೂವರೆ ಯಾಕೆ ಹೊರ್ತೀರಿ? ಹೊಸ ಪತ್ರ ಬರೆಯೋಣ. ಕೊಸರೂ ಬೇಡ. ನಶ್ಯ ತಗೋ."

ಡಬ್ಬಿ ಮುಂದೆ ಹಿಡಿದ. ಹಾಲಪ್ಪನ ಬೆರಳು ಹೊರಟಿತು.

"ಏನ್ ಸಾವ್ಕಾರ್ರೆ," ಅಂದಳು ಕೊಟ್ರವ್ವ ಒಲೆಯ ಹತ್ತಿರದಿಂದ, "ಎಷ್ಟು ತಿಂಗಳು?"

"ತೀರೋ ತನಕ, ತಾಯಿ."

ಅವಳು ಎದ್ದು ಮೊರ ತಂದಳು. ಹರಳುಬೀಜದ ಬುಟ್ಟಿ ತಂದಳು. ಸಾಹುಕಾರನ ಎದುರಿಗೆ ಕೂತು ಎಣಿಸತೊಡಗಿದಳು. ಹಳೆಯ ಬಾಕಿ ಹಾಕಿದಳು, ಅಂದಾಜಿಗೆ ಎರಡು ಅಂಕಣದ ಬೆಲೆ ಹಾಕಿದಳು, ಗಿಳಿಯ ಬೆಲೆ ಹಾಕಿದಳು. ಹಾಲಪ್ಪ ನೋಡುತ್ತಿದ್ದ. ಬೆರಳು ಹಿಂದಕ್ಕೆ ಬಂತು. ಅವಳು ನಾಲ್ಕನೆಯ ವರ್ಷಕ್ಕೆ ಬರುವ ಹೊತ್ತಿಗೆ ಪಂಪಣ್ಣನಿಗೆ ಅಂಗಡಿಯಲ್ಲಿ ಕೆಲಸ ನೆನಪಾಯಿತು. ಮಜ್ಜಿಗೆ ಅರ್ಧ ಬಿಟ್ಟು ಎದ್ದ.

"ಗಿಳಿ ಚೆನ್ನಾಗಿರ್ತಿತ್ತು," ಅಂದ ಹಾಲಪ್ಪ, ಅವನು ಹೋದ ಮೇಲೆ.

"ಸುಣ್ಣದಲ್ಲಿ ಬರೆದುಕೊಡ್ತೀನಿ ಸುಮ್ಮನಿರ್ರಿ," ಅಂದಳು. ಬರೆದಳು ಕೂಡ. ಕಾಗೆಯ ಹಾಗೆ ಬಂತು.

ಆರು, ಏಳು, ಎಂಟು, ಒಂಬತ್ತು. ಹತ್ತನೆಯ ದೀಪಾವಳಿ ಬಂತು. ಪಾಡ್ಯದ ದಿನ ಗೌಡನನ್ನೂ ಕರೆದುಕೊಂಡು ಹೋಗಿ ಕೂತರು. ಪಂಪಣ್ಣ ಲೆಕ್ಕ ಕೂಡಿದ. ಇನ್ನೊಂದು ಸಲ ಕೂಡಿದ. ಬಾಕಿ ಒಂದು ತಂಬಿಗೆ. ಕೊಟ್ರವ್ವ ತಂಬಿಗೆ ತಂದಿದ್ದಳು. ಸುರಿದಳು.

ಗೌಡ ಪತ್ರ ಹರಿದ.

ನೂರು ಗಡಿಗೆಯ ಮನೆಗೆ ಅವರು ಹಾಕಿದ್ದು ನೂರ ಎಪ್ಪತ್ತೆರಡು ಗಡಿಗೆ, ಒಂದು ತಂಬಿಗೆ. ಇನ್ನೂರ ಎಂಬತ್ತಾರು ಹಾಕಲಿಲ್ಲ. ಕೊಟ್ರವ್ವನಿಗೆ ಆಗ ನಲವತ್ತು. ಅವಳು ಆ ಮನೆಯಲ್ಲಿ ಇನ್ನೂ ಮೂವತ್ತೆಂಟು ವರ್ಷ ಇದ್ದಳಂತೆ, ಯಾರಿಗೂ ಏನೂ ಕೊಡದೆ. ಅವರ ಸಾಲ ಅಲ್ಲಿಗೆ ತೀರಿತು, ಕಥೆ ಇಲ್ಲಿಗೆ ತೀರಿತು.